ಎಲೆ ಅಲ್ಲಾಡಿದ್ದನ್ನು ಯಾರು ನೋಡ್ತಾರೆ ಸ್ವಾಮಿ?

ನಿಮ್ಮ ಆಫೀಸಿನ ವಾಟ್ಸಾಪ್ ಗ್ರೂಪಿಗೂ ಬಂದಿರುತ್ತೆ ಬಿಡಿ. ನೂರಿಪ್ಪತ್ತು ವರ್ಷ ಹಿಂದಿನ ಯಾವುದೋ ಊರಿನ ಬೀದಿ. ಟೋಪಿ ಹಾಕಿದ ಗಂಡಸರು, ನೆಲ ಗುಡಿಸುವಷ್ಟು ಉದ್ದದ ಲಂಗ ತೊಟ್ಟ ಹೆಂಗಸರು, ಕುದುರೆ ಗಾಡಿ, ಟ್ರಾಮು. ಎಲ್ಲವೂ ಬಣ್ಣದಲ್ಲಿ, ಎಣ್ಣೆ ಹಚ್ಚಿದಷ್ಟು ನಯವಾಗಿ ಓಡುತ್ತೆ. ಗೊರಸಿನ ಸದ್ದು ಕೇಳಿಸುತ್ತೆ, ಹಿಂದೆ ಒಂದು ಪಿಯಾನೋ ಅಳುತ್ತಿರುತ್ತೆ. ಕೆಳಗೆ ‘4ಕೆ, 60 ಫ್ರೇಮ್, ಎಐ ರಿಸ್ಟೋರ್ಡ್’ ಅನ್ನೋ ಬಿರುದು. ಗ್ರೂಪಿನಲ್ಲಿ ಐದು ಜನ ‘ವಾವ್’ ಅಂತಾರೆ, ಆರನೆಯವರು ‘ಆಗೆಲ್ಲ ಎಷ್ಟು ನೆಮ್ಮದಿ ಇತ್ತಲ್ವಾ’ ಅಂತಾರೆ.

ನೆಮ್ಮದಿಯ ಮಾತು ಆಮೇಲೆ. ಮೊದಲು ಆ ‘ರಿಸ್ಟೋರ್ಡ್’ ಅನ್ನೋ ಪದದ ಲೆಕ್ಕ ನೋಡೋಣ. ಸಿನಿಮಾದ ಮೊದಲ ವರ್ಷಗಳಲ್ಲಿ ಕ್ಯಾಮೆರಾದ ಹಿಡಿಯನ್ನು ಕೈಯಲ್ಲೇ ತಿರುವುತ್ತಿದ್ದರು. ಸೆಕೆಂಡಿಗೆ ಸುಮಾರು 16 ಚಿತ್ರ. ಈಗ ನಿಮಗೆ ಬಂದಿರೋ ವಿಡಿಯೋದಲ್ಲಿ ಸೆಕೆಂಡಿಗೆ 60 ಚಿತ್ರ ಇವೆ. ಹಾಗಾದ್ರೆ ಉಳಿದ 44 ಎಲ್ಲಿಂದ ಬಂದವು? ಯಾವ ಕ್ಯಾಮೆರಾವೂ ಅವನ್ನು ನೋಡಿಲ್ಲ. ಈ ಚಿತ್ರಕ್ಕೂ ಮುಂದಿನ ಚಿತ್ರಕ್ಕೂ ನಡುವೆ ಆ ಮನುಷ್ಯನ ಕೈ ಎಲ್ಲಿದ್ದಿರಬಹುದು ಅಂತ ಸಾಫ್ಟ್‌ವೇರು ಊಹಿಸಿ ಬರೆದದ್ದು ಅವು. ಅಂದ್ರೆ ನೀವು ನೋಡ್ತಿರೋದರಲ್ಲಿ ಮುಕ್ಕಾಲು ಪಾಲು ಎಂದೂ ನಡೆದೇ ಇಲ್ಲ.

ಬಣ್ಣದ ಕಥೆ ಇನ್ನೂ ಕೆಟ್ಟದ್ದು. ಆಗಿನ ಫಿಲ್ಮಿಗೆ ಕೆಂಪು ಕಾಣುತ್ತಲೇ ಇರಲಿಲ್ಲ. ಕೆಂಪು ಬಟ್ಟೆ ಕಪ್ಪಗೆ ಬೀಳುತ್ತಿತ್ತು, ನೀಲಿ ಆಕಾಶ ಬೆಳ್ಳಗೆ. ನದಿ ದಡದಲ್ಲಿ ಕೆಂಪು ಸೀರೆ ಉಟ್ಟು ನಿಂತ ಹೆಂಗಸು ಫಿಲ್ಮಿನಲ್ಲಿ ಕಪ್ಪು ಸೀರೆಯವಳಾಗುತ್ತಾಳೆ. ಅದನ್ನು ಎಐಗೆ ಕೊಟ್ಟರೆ ಅದು ಬೂದಿಯೋ ಕಂದೋ ಯಾವುದೋ ಒಂದನ್ನು ಬಳಿದುಕೊಡುತ್ತೆ. ಹಬ್ಬದ ದಿನ ಅವಳಿಗೆ ಹಾಗೇ ಸೂತಕ ಬಡಿಯಿತು. ಹಳೆಯ ಮೂಕಿಯಲ್ಲಿ ಎಲ್ಲರೂ ಕಾಲಿಗೆ ಬೆಂಕಿ ಬಿದ್ದವರಂತೆ ಓಡೋದು ನೋಡಿದ್ದೀರಲ್ಲ, ಅದು 16ರಲ್ಲಿ ತೆಗೆದದ್ದನ್ನು ಟಾಕಿ ಕಾಲದ 24ರ ವೇಗದಲ್ಲಿ ಓಡಿಸಿದ್ದರ ಫಲ. ವೇಗ ತಗ್ಗಿಸಿದರೆ ಸರಿಹೋಗುತ್ತೆ. ಮೂಲ ನೆಗೆಟಿವ್ ಹುಡುಕಿ, ಕೊಳೆ ತೊಳೆದು, ಹರಿದದ್ದನ್ನು ಅಂಟಿಸಿ, ಸರಿಯಾದ ವೇಗದಲ್ಲಿ ಓಡಿಸೋದಕ್ಕೆ ರಿಸ್ಟೋರೇಷನ್ ಅಂತಾರೆ. ವರ್ಷಗಟ್ಟಲೆ ಕೂತು ಮಾಡುವ ಕೆಲಸ ಅದು. ಶನಿವಾರ ಸಂಜೆ ಲ್ಯಾಪ್‌ಟಾಪಿನಲ್ಲಿ ಮಾಡಿದ್ದಕ್ಕೂ ಅದೇ ಹೆಸರು ಕೊಟ್ಟರೆ ಹೇಗೆ?

‘ಸುಮ್ನೆ ಖುಷಿಗೆ ಸರ್, ಬಿಡಿ’ ಅಂತೀರಾ. ನಿಮ್ಮ ಪ್ರೊಡಕ್ಷನ್ ಸರ್ವರಿನ ಲಾಗ್ ಫೈಲಿನಲ್ಲಿ ನಡುನಡುವೆ ಸಾಲು ಬಿಟ್ಟುಹೋಗಿವೆ ಅಂತಿಟ್ಟುಕೊಳ್ಳಿ. ಯಾರೋ ಬಂದು ‘ಇಲ್ಲಿ ಹೀಗೆ ಇದ್ದಿರಬಹುದು’ ಅಂತ ತುಂಬಿಸಿ, ಚೆಂದದ ಬಣ್ಣ ಹಾಕಿ, ಮೂಲ ಯಾವುದು ತುಂಬಿಸಿದ್ದು ಯಾವುದು ಅಂತ ಗುರುತಿಲ್ಲದೆ ಕೊಟ್ಟರೆ ಖುಷಿ ಪಡ್ತೀರಾ? ಬೈದು ಆಚೆ ಕಳಿಸ್ತೀರಿ.

ಈ ಹಳೆಯ ಮೂಕಿಗಳು ಲಾಗ್ ಫೈಲೇ. ಒಂದು ಉದಾಹರಣೆ ಕೊಡ್ತೀನಿ. ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟಿನಲ್ಲಿ ಕೇಬಲ್ ಕಾರಿನ ಮುಂದೆ ಕ್ಯಾಮೆರಾ ಕಟ್ಟಿಕೊಂಡು ಮೈಲ್ಸ್ ಸಹೋದರರು ತೆಗೆದ ಚಿತ್ರವೊಂದಿದೆ. ಕಥೆ ಏನೂ ಇಲ್ಲ. ರಸ್ತೆ ಬರುತ್ತೆ, ಜನ ಅಡ್ಡ ಬರ್ತಾರೆ, ಹುಡುಗರು ಗಾಡಿ ಹಿಡಿದು ಜೋತಾಡ್ತಾರೆ, ಅಷ್ಟೇ. ಅದನ್ನು 1905ರದ್ದು ಅಂತ ಬಹಳ ಕಾಲ ನಂಬಿದ್ದರು. ಡೇವಿಡ್ ಕೀನ್ ಅನ್ನೋ ಸಿನಿಮಾ ಇತಿಹಾಸಕಾರರಿಗೆ ಅನುಮಾನ ಬಂತು. ರಸ್ತೆಯಲ್ಲಿ ಮಳೆನೀರು ನಿಂತ ಗುಂಡಿಗಳಿದ್ದವು. ಅವರು ಹಳೆಯ ಪತ್ರಿಕೆಗಳಲ್ಲಿ ಮಳೆಯ ವರದಿ ತೆಗೆದು ನೋಡಿದರು. ಕಾರುಗಳ ನಂಬರ್ ಪ್ಲೇಟ್ ಓದಿ ನೋಂದಣಿಯ ದಾಖಲೆ ಹುಡುಕಿದರು. ಒಂದು ನಂಬರು 1906ರ ಆರಂಭದಲ್ಲಿ ಕೊಟ್ಟದ್ದು! ಹಾಗೆ ಗೊತ್ತಾದದ್ದು, ಈ ಚಿತ್ರ 1906ರ ಏಪ್ರಿಲ್‌ನದು, 18ನೇ ತಾರೀಖಿನ ಭೂಕಂಪಕ್ಕೆ ಕೆಲವೇ ದಿನ ಮುಂಚಿನದು ಅಂತ. ಪರದೆಯ ಮೇಲೆ ನಡೆದುಹೋಗುವ ಆ ಜನರಿಗೆ, ಆ ಕಟ್ಟಡಗಳಿಗೆ ಮುಂದೆ ಏನು ಕಾದಿದೆ ಅಂತ ಈಗ ನಮಗೆ ಗೊತ್ತು.

ಇದನ್ನು ಹೇಳಿದ್ದು ಒಂದು ನೀರಿನ ಗುಂಡಿ, ಒಂದು ನಂಬರ್ ಪ್ಲೇಟು. ಈಗ ಇದೇ ಚಿತ್ರದ ಬಣ್ಣದ ಅವತಾರಗಳು ಯೂಟ್ಯೂಬ್ ತುಂಬ ಇವೆ. ನಿಮ್ಮ ಫೋನಿನಲ್ಲಿ ದೂರದ ಅಂಗಡಿ ಬೋರ್ಡನ್ನು ಪೂರ್ತಿ ಜೂಮ್ ಮಾಡಿ ಒಂದು ಫೋಟೋ ತೆಗೆದು ನೋಡಿ, ಅಕ್ಷರದಂತೆ ಕಾಣೋ ಆದರೆ ಯಾವ ಭಾಷೆಯೂ ಅಲ್ಲದ ಏನೋ ಬರುತ್ತಲ್ಲ, ಅದೇ ಕೆಲಸ ಮಸುಕಾದ ನಂಬರ್ ಪ್ಲೇಟಿಗೂ ಆಗುತ್ತೆ. ಮೂಲ ಕಳೆದುಹೋಗಿ ಈ ಅವತಾರ ಮಾತ್ರ ಉಳಿದರೆ ಮುಂದಿನ ಡೇವಿಡ್ ಕೀನ್ ಏನನ್ನು ಓದಬೇಕು?

ಈ ಎಡವಟ್ಟಿನ ಬೇರು ಎಲ್ಲಿದೆ ಅಂದ್ರೆ, ‘ಏನೂ ಆಗದ’ ಚಿತ್ರವನ್ನು ಏನೂ ಆಗದ ಚಿತ್ರವಾಗಿಯೇ ನೋಡೋಕೆ ನಮಗೆ ಬರೋದಿಲ್ಲ. ಬಣ್ಣ ಬೇಕು, ಸಂಗೀತ ಬೇಕು. 1895ರ ಪ್ಯಾರಿಸ್ಸಿನವರಿಗೆ ಅದು ಬರುತ್ತಿತ್ತು. ಆ ವರ್ಷ ಡಿಸೆಂಬರ್ 28ರಂದು ಲೂಮಿಯೇ ಅಣ್ಣತಮ್ಮಂದಿರು ಗ್ರಾಂ ಕಫೆಯಲ್ಲಿ ಟಿಕೆಟ್ ಇಟ್ಟು ತೋರಿಸಿದ ಚಿತ್ರಗಳಲ್ಲಿ ಒಂದು, ಅಪ್ಪ ಅಮ್ಮ ಕೂತು ಮಗುವಿಗೆ ಊಟ ಮಾಡಿಸೋದು. ಮಗು ಮುದ್ದಾಗಿದೆ, ನಿಜ. ಆದರೆ ನೋಡಿದವರು ಬೆರಗಾದದ್ದು ಹಿಂದಿನ ಮರದ ಎಲೆಗಳು ಗಾಳಿಗೆ ಅಲ್ಲಾಡಿದ್ದಕ್ಕೆ. ನಾಟಕದ ಪರದೆಯ ಮೇಲೆ ಬರೆದ ಮರ ಅಲ್ಲಾಡೋದಿಲ್ಲ ನೋಡಿ. ಯಾರೂ ಹೇಳಿಕೊಡದೆ, ಯಾರೂ ನಿರ್ದೇಶಿಸದೆ, ಎಲೆಗಳು ತಮ್ಮ ಪಾಡಿಗೆ ತಾವು ಅಲ್ಲಾಡುತ್ತಿದ್ದವು. ಅಲ್ಲಿಂದ ನೂರಮೂವತ್ತು ವರ್ಷ ಸಿನಿಮಾ ಮಾಡಿದ್ದೇನು? ಹಿನ್ನೆಲೆಯನ್ನು ಮಸುಕು ಮಾಡೋದು. ಈಗ ಫೋನಿನಲ್ಲೇ ಪೋರ್ಟ್ರೇಟ್ ಮೋಡ್ ಅಂತ ಒಂದು ಗುಂಡಿ ಇದೆ, ಒತ್ತಿದರೆ ಎಲೆಗಳೆಲ್ಲ ಮಾಯ.

ಲೂಮಿಯೇಗಳನ್ನು ಸತ್ಯಹರಿಶ್ಚಂದ್ರರು ಅಂತ ನಾನು ಹೇಳ್ತಿಲ್ಲ. ಅವರ ‘ಕಾರ್ಖಾನೆಯಿಂದ ಹೊರಡುವ ಕೆಲಸಗಾರರು’ ಚಿತ್ರಕ್ಕೇ ಮೂರು ಆವೃತ್ತಿ ಇವೆ. ಒಂದರಲ್ಲಿ ಗಾಡಿಗೆ ಒಂದು ಕುದುರೆ, ಇನ್ನೊಂದರಲ್ಲಿ ಎರಡು, ಮತ್ತೊಂದರಲ್ಲಿ ಕುದುರೆಯೇ ಇಲ್ಲ. ಮಾಲೀಕರೇ ಕ್ಯಾಮೆರಾ ಹಿಂದೆ ನಿಂತಿದ್ದಾಗ ಕೆಲಸಗಾರರು ಎಷ್ಟು ಸಹಜವಾಗಿ ಹೊರಬಂದಾರು? ರೀಟೇಕ್ ಅವತ್ತೇ ಹುಟ್ಟಿತ್ತು. ಆದರೂ 17 ಮೀಟರ್ ಫಿಲ್ಮಿನ ಆ 50 ಸೆಕೆಂಡಿನಲ್ಲಿ ಯಾರೋ ಯಾರದೋ ಲಂಗ ಎಳೀತಾರೆ, ಒಂದು ನಾಯಿ ನುಗ್ಗುತ್ತೆ. ರೀಟೇಕ್ ಮಾಡಿದವರ ಹಿಡಿತಕ್ಕೆ ಸಿಗದೆ ತಪ್ಪಿಸಿಕೊಂಡ ಇಂಥವನ್ನೇ ನಾನು ದಾಖಲೆ ಅನ್ನೋದು. ಅವರ 1400ಕ್ಕೂ ಹೆಚ್ಚು ಚಿತ್ರಗಳು ಬಹುಪಾಲು ಇವತ್ತಿಗೂ ಉಳಿದಿವೆ.

ದುಡ್ಡಿನಾಸೆಗೆ ತೆಗೆದರೂ ದಾಖಲೆ ದಾಖಲೆಯೇ. ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್‌ನಲ್ಲಿ ಮಿಚೆಲ್, ಕೆನ್ಯನ್ ಅಂತ ಇಬ್ಬರು ವ್ಯಾಪಾರಿಗಳಿದ್ದರು. 1900ರ ಆಸುಪಾಸಿನಲ್ಲಿ ಹತ್ತಿ ಗಿರಣಿಯ ಗೇಟಿನ ಮುಂದೆ ಕ್ಯಾಮೆರಾ ಹೂಡುತ್ತಿದ್ದರು. ಶಿಫ್ಟ್ ಬಿಟ್ಟಾಗ ನೂರಾರು ಜನ ಹೊರಬರುತ್ತಾರೆ. ಅದನ್ನೇ ಜಾತ್ರೆಯ ಡೇರೆಯಲ್ಲಿ ತೋರಿಸೋದು, ‘ಬನ್ನಿ, ನಿಮ್ಮನ್ನು ನೀವೇ ನೋಡಿಕೊಳ್ಳಿ’ ಅಂತ. ಎಷ್ಟು ಮುಖವೋ ಅಷ್ಟು ಟಿಕೆಟ್! ಶುದ್ಧ ವ್ಯಾಪಾರ. ಅಂಗಡಿ ಮುಚ್ಚಿತು, ಎಲ್ಲರೂ ಮರೆತರು. 1994ರಲ್ಲಿ ಆ ಹಳೇ ಅಂಗಡಿಯ ನೆಲಮಾಳಿಗೆ ಖಾಲಿ ಮಾಡುವಾಗ ಲೋಹದ ಡ್ರಮ್ಮುಗಳಲ್ಲಿ 800ರಷ್ಟು ನೆಗೆಟಿವ್ ಸುರುಳಿ ಸಿಕ್ಕಿದವು. ಕ್ಯಾಪ್ ಹಾಕಿದ ಪೋರರು ಕ್ಯಾಮೆರಾಗೆ ಕೈ ಬೀಸುತ್ತಾರೆ, ಹೆಂಗಸರು ಶಾಲಿನಲ್ಲಿ ಮುಖ ಮುಚ್ಚಿ ನಗುತ್ತಾರೆ. ಮೊದಲ ಮಹಾಯುದ್ಧಕ್ಕೆ ಇನ್ನೂ ಹತ್ತು ಹನ್ನೆರಡು ವರ್ಷ ಇದೆ. ಆ ಪೋರರ ವಯಸ್ಸು ಲೆಕ್ಕ ಹಾಕಿದರೆ ಹೊಟ್ಟೆಯಲ್ಲಿ ಸಂಕಟವಾಗುತ್ತೆ. ನೆಮ್ಮದಿಯ ಕಾಲವಂತೆ! ಅದರಲ್ಲಿ ಅರೆಹೊತ್ತು ಗಿರಣಿ, ಅರೆಹೊತ್ತು ಶಾಲೆ ಅಂತ ದುಡಿಯುತ್ತಿದ್ದ ಮಕ್ಕಳಿದ್ದಾರೆ. ಪಿಯಾನೋ ಹಾಕಿದ್ದರಿಂದ ನಿಮಗೆ ಕಾಣಿಸಲಿಲ್ಲ.

ನಮ್ಮ ಕಡೆಗೆ ಬರೋಣ. ಇಲ್ಲಿ ಸಿನಿಮಾ ತಡವಾಗಿ ಬರಲಿಲ್ಲ. ಪ್ಯಾರಿಸ್ ಪ್ರದರ್ಶನವಾಗಿ ಏಳು ತಿಂಗಳು ತುಂಬೋದರೊಳಗೆ, 1896ರ ಜುಲೈ 7ಕ್ಕೆ, ಬಾಂಬೆಯ ವಾಟ್ಸನ್ ಹೋಟೆಲಿನಲ್ಲಿ ಲೂಮಿಯೇ ಚಿತ್ರಗಳು ಓಡಿದವು. 1899ರಲ್ಲಿ ಸಾವೇ ದಾದಾ, ಅಂದರೆ ಹರಿಶ್ಚಂದ್ರ ಭಾಟವಡೇಕರ್, ಅದೇ ಊರಿನ ಒಂದು ಕುಸ್ತಿಯನ್ನು ಚಿತ್ರೀಕರಿಸಿದರು. ‘ರಾಜಾ ಹರಿಶ್ಚಂದ್ರ’ಕ್ಕೆ ಮುಂಚೆ ಫಾಲ್ಕೆ ಮಾಡಿದ್ದೇನು ಗೊತ್ತಾ? ಕುಂಡದಲ್ಲಿ ಬಟಾಣಿ ಗಿಡ ಬೆಳೆಯೋದನ್ನು ದಿನಾ ಒಂದಿಷ್ಟು ಫ್ರೇಮ್ ತೆಗೆದು ಜೋಡಿಸಿದ್ದು. ಭಾರತೀಯ ಚಿತ್ರರಂಗದ ಪಿತಾಮಹ ಅಂತ ಹಾರ ಹಾಕ್ತೀವಿ, ಆ ಬಟಾಣಿ ಗಿಡಕ್ಕೆ ಒಂದು ನಮಸ್ಕಾರ ಇಲ್ಲ.

ಉಳಿದದ್ದೆಷ್ಟು? ಭಾರತದಲ್ಲಿ 1300ಕ್ಕೂ ಹೆಚ್ಚು ಮೂಕಿ ಚಿತ್ರಗಳಾದವು. ಪೂರ್ತಿಯೋ ಚೂರೋ ಸೇರಿಸಿ ಇವತ್ತು ನೋಡಲು ಸಿಗೋದು ತೀರಾ ಕೆಲವು. ಆ ನೈಟ್ರೇಟ್ ಫಿಲ್ಮು ಬೇಗ ಬೆಂಕಿ ಹಿಡಿಯುತ್ತೆ, ಸುಮ್ಮನಿದ್ದರೂ ಕೊಳೆಯುತ್ತೆ, ಅದರಲ್ಲಿರೋ ಚೂರು ಬೆಳ್ಳಿಗಾಗಿ ಕರಗಿಸಿದವರೂ ಇದ್ದಾರೆ. 2003ರ ಜನವರಿಯಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ನೈಟ್ರೇಟ್ ರೀಲುಗಳಿದ್ದ ಕೊಠಡಿಗೇ ಬೆಂಕಿ ಬಿತ್ತು. ಕನ್ನಡದ ಲೆಕ್ಕ ಬೇಕಾ? ಶಿವರಾಮ ಕಾರಂತರು 1930ರ ಹೊತ್ತಿಗೆ ‘ಡೊಮಿಂಗೊ’, ‘ಭೂತರಾಜ್ಯ’ ಅಂತ ಮೂಕಿ ಚಿತ್ರ ಮಾಡಿದರು. ಗುಬ್ಬಿ ವೀರಣ್ಣನವರು ಬೆಂಗಳೂರಿನಲ್ಲಿ ಮೂಕಿ ಕಂಪನಿ ಕಟ್ಟಿದರು. ಮೋಹನ್ ಭವನಾನಿ ನಿರ್ದೇಶನದ ‘ವಸಂತಸೇನೆ’ಯಲ್ಲಿ ಟಿ.ಪಿ. ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದರು. ಕೈಲಾಸಂ ಪರದೆಯ ಮೇಲೆ ಹೇಗೆ ನಡೆದರು ಅಂತ ನಮ್ಮಲ್ಲಿ ಯಾರು ನೋಡಿದ್ದೀವಿ ಹೇಳಿ. 1934ರ ‘ಸತಿ ಸುಲೋಚನ’, ನಮ್ಮ ಮೊದಲ ಟಾಕಿ, ಅದರದ್ದೂ ಪ್ರಿಂಟ್ ಉಳಿದಿಲ್ಲ.

ಕಥಾಚಿತ್ರಗಳ ಪಾಡೇ ಇದು. ಬೀದಿಯ ಚಿತ್ರ ತೆಗೆದವರಂತೂ ಹೆಚ್ಚಾಗಿ ಪರದೇಶದವರು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ತನ್ನ ಬಳಿಯಿರುವ 1899ರಿಂದ 1947ರವರೆಗಿನ ಭಾರತದ ಚಿತ್ರಗಳನ್ನು 2017ರಲ್ಲಿ ಎಲ್ಲರಿಗೂ ಬಿಟ್ಟಿತು. ಅತಿ ಹಳೆಯದು ನದಿಯ ದೋಣಿಯಿಂದ ತೆಗೆದದ್ದು. ಘಾಟು, ಮೆಟ್ಟಿಲು, ಸ್ನಾನ ಮಾಡುವ ಜನ. ಹೆಸರು ‘ಪನೋರಮಾ ಆಫ್ ಕಲ್ಕತ್ತಾ’. ಕಾಶಿ ನೋಡಿದ ಯಾರಿಗಾದ್ರೂ ಒಂದೇ ನೋಟಕ್ಕೆ ಗೊತ್ತಾಗುತ್ತೆ, ಅದು ಕಲ್ಕತ್ತಾ ಅಲ್ಲ, ಕಾಶಿ! ತೆಗೆದ ಕಂಪನಿಗೆ ಎರಡೂ ಒಂದೇ. ಕ್ಯಾಮೆರಾ ಹಿಡಿದವನು ಪರಊರಿನವನಾದರೆ ನಮ್ಮೂರಿನ ಹೆಸರೂ ನಮಗೆ ದಕ್ಕೋದಿಲ್ಲ. ಮಿಚೆಲ್, ಕೆನ್ಯನ್‌ರ ಗಿರಣಿಯ ಜನ ತಮ್ಮ ಚಿತ್ರವನ್ನು ತಾವೇ ನೋಡಿ ನಕ್ಕರು. ಕಾಶಿಯ ಮೆಟ್ಟಿಲ ಮೇಲೆ ನಿಂತವರು ನೋಡಿದರೋ ಇಲ್ಲವೋ ಅಂತ ಕೇಳಿದವರೂ ಇಲ್ಲ.

ಆಗ ನಮ್ಮ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ. ಈಗಿದೆಯಲ್ಲ, ತಲೆಗೊಂದು, ಕೆಲವರಿಗೆ ಎರಡು. ಏನು ಮಾಡ್ತಿದ್ದೀವಿ?

ಕೋಗಿಲನ್ನೇ ತಗೊಳ್ಳಿ. ಏರ್‌ಪೋರ್ಟಿಗೆ ಹೋಗುವಾಗ ಬಳ್ಳಾರಿ ರಸ್ತೆಯಲ್ಲಿ ‘ಕೋಗಿಲು ಕ್ರಾಸ್’ ಅನ್ನೋ ಬೋರ್ಡನ್ನು ನೀವೂ ದಾಟಿದ್ದೀರಿ. ಯೂಟ್ಯೂಬಿನಲ್ಲಿ ಈ ಕಡೆಯ ಹೆಸರು ಹಾಕಿ ಹುಡುಕಿದರೆ ಏನು ಬರುತ್ತೆ? ಡ್ರೋನಿನಲ್ಲಿ ತೆಗೆದ ಲೇಔಟು. ‘ಏರ್‌ಪೋರ್ಟಿಗೆ ಇಪ್ಪತ್ತೇ ನಿಮಿಷ’ ಅನ್ನೋ ಸೈಟಿನ ಜಾಹೀರಾತು. ಏರೋ ಇಂಡಿಯಾ ಬಂದಾಗ ಟೆರೇಸ್ ಮೇಲಿಂದ ಸುಖೋಯ್. ಎಲ್ಲ ಕ್ಯಾಮೆರಾಗಳೂ ಒಂದೋ ಆಕಾಶದಲ್ಲಿ, ಇಲ್ಲಾ ಆಕಾಶದ ಕಡೆಗೆ. ನೆಲದ ಮಟ್ಟದಲ್ಲಿ, ಮನುಷ್ಯನ ಎತ್ತರದಲ್ಲಿ, ಬೆಳಿಗ್ಗೆ ಏಳೂವರೆಗೆ ಕ್ರಾಸಿನಲ್ಲಿ ಏನಿರುತ್ತೆ ಅನ್ನೋದನ್ನು ಅಲ್ಲಾಡದೆ ನಿಂತು ಒಂದು ನಿಮಿಷ ತೆಗೆದವರನ್ನು ತೋರಿಸಿ ನೋಡೋಣ.

ಇರೋದೇನು ಕಡಿಮೆಯಾ? ಬಟ್ಟೆ ಫ್ಯಾಕ್ಟರಿಯ ವ್ಯಾನಿಗೆ ಕಾಯುತ್ತಾ ಮಲ್ಲಿಗೆ ಮುಡಿದುಕೊಳ್ಳುವ ಹೆಂಗಸರು. ನೀರು ಸುರಿಸಿಕೊಂಡು ತಿರುಗುವ ಟ್ಯಾಂಕರು, ಆ ನೀರಿಗೆ ಬೈಕು ಜಾರದಂತೆ ಕಾಲು ಊರುವ ಡೆಲಿವರಿ ಹುಡುಗ. ಕೊತ್ತಂಬರಿ ಕಟ್ಟಿನ ಮೇಲೆ ನೀರು ಚಿಮುಕಿಸುವ ಸೊಪ್ಪಿನವಳು. ಕಸದ ಆಟೋ ಹಾಡು. ಏರ್‌ಪೋರ್ಟ್ ಕಡೆಯ ಮೆಟ್ರೋಗೆ ಎದ್ದ ಕಂಬಗಳು. ಹತ್ತು ವರ್ಷದಲ್ಲಿ ಇದರಲ್ಲಿ ಅರ್ಧ ಇರೋದಿಲ್ಲ. ಯಾವ ಅರ್ಧ ಅಂತ ನಿಮಗೂ ಗೊತ್ತಿಲ್ಲ, ನನಗೂ ಗೊತ್ತಿಲ್ಲ. ಅದಕ್ಕೇ ಎಲ್ಲವೂ ಬೇಕು. ಯಲಹಂಕ, ದೇವನಹಳ್ಳಿ ಕಡೆಯ ನೀಲಿ ದ್ರಾಕ್ಷಿ ತೋಟಗಳು ಲೇಔಟುಗಳಾಗುತ್ತಿದ್ದಾಗ ಯಾರಿಗೂ ಅದು ಚಿತ್ರ ತೆಗೆಯುವ ವಿಷಯ ಅನಿಸಲಿಲ್ಲ. 2008ರಲ್ಲಿ ಏರ್‌ಪೋರ್ಟ್ ಶುರುವಾಗೋಕೆ ಮುಂಚೆ ಈ ರಸ್ತೆ ಹೇಗಿತ್ತು ಅಂತ ಈಗ ಹುಡುಗರು ಕೇಳಿದರೆ ಕೈಯಲ್ಲೇ ಅಳತೆ ತೋರಿಸ್ತೀವಿ, ಇಷ್ಟಗಲ ಇತ್ತು, ಇಲ್ಲಿ ಮರ ಇತ್ತು ಅಂತ. ಯಲಹಂಕದ ರೈಲ್ ವೀಲ್ ಫ್ಯಾಕ್ಟರಿ 1984ರಿಂದ ರೈಲಿನ ಗಾಲಿ ಮಾಡ್ತಿದೆ. ಲೂಮಿಯೇಗಳ ಆ ಮೊದಲ ಚಿತ್ರಕ್ಕೆ ಸರಿಸಾಟಿ ಗೇಟು ನಮ್ಮ ಮನೆ ಬಾಗಿಲಲ್ಲೇ ಇದೆ. ನಲವತ್ತು ವರ್ಷ ಶಿಫ್ಟ್ ಬಿಟ್ಟು ಹೊರಬಂದ ಜನರ ಒಂದು ನಿಮಿಷ ಯಾರ ಹತ್ರ ಇದೆ?

ಸಿಸಿಟಿವಿ ಇದೆಯಲ್ಲ ಅಂತ ಯಾರೋ ಹೇಳೇ ಹೇಳ್ತಾರೆ. ಇದೆ. ಊರು ತುಂಬ ಸಾವಿರಾರು. ಕೊಲೆಯೋ ಕಳ್ಳತನವೋ ಆದರೆ ಮಾತ್ರ ಅದಕ್ಕೆ ನೆನಪು ಬರುತ್ತೆ. ಏನೂ ಆಗದಿದ್ದರೆ ಹದಿನೈದು ದಿನಕ್ಕೋ ತಿಂಗಳಿಗೋ ತನ್ನ ಮೇಲೆ ತಾನೇ ಬರೆದುಕೊಂಡು ಅಳಿಸಿಹಾಕುತ್ತೆ. ನಮಗೆ ಬೇಕಾದದ್ದು ಅದು ಅಳಿಸಿದ್ದೇ.

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಒಂದಿದೆ. ರಸ್ತೆಯಲ್ಲಿ ಹೋಗೋರನ್ನು ಕೇಳದೆ ತೆಗೆಯೋದು ಸರಿಯಾ? 2025ರ ಮೇ ತಿಂಗಳಲ್ಲಿ ನಮ್ಮ ಮೆಟ್ರೋದಲ್ಲಿ ಹೆಂಗಸರ ವಿಡಿಯೋ ಕದ್ದು ತೆಗೆದು ಇನ್‌ಸ್ಟಾಗ್ರಾಂಗೆ ಹಾಕುತ್ತಿದ್ದ ಪ್ರಕರಣದಲ್ಲಿ ಪೊಲೀಸರು ಕೇಸು ಹಾಕಿದರು. ಹಾಕಲೇಬೇಕಿತ್ತು. ಅಲ್ಲಿ ನಡೆದದ್ದು ಬೇಟೆ. ಫೋನನ್ನು ಚೀಲದ ಮರೆಯಲ್ಲಿಟ್ಟು, ಒಬ್ಬಳನ್ನು ಆರಿಸಿ, ಹಿಂಬಾಲಿಸಿ, ಲೈಕಿಗೆ ಮಾರೋದು. ನಾನು ಹೇಳ್ತಿರೋದು ಮಿಚೆಲ್, ಕೆನ್ಯನ್ ರೀತಿ. ಎಲ್ಲರಿಗೂ ಕಾಣೋ ಹಾಗೆ ಟ್ರೈಪಾಡ್ ಹೂಡಿ, ಪಕ್ಕದಲ್ಲೇ ನಿಂತು, ‘ಏನಣ್ಣಾ ಇದು’ ಅಂದವರಿಗೆ ಹೇಳಿ, ಬೇಡ ಅಂದವರಿಗೆ ಬಿಟ್ಟುಬಿಡಿ. ಯಾರ ಹಿಂದೆಯೂ ಕ್ಯಾಮೆರಾ ಹೋಗಬಾರದು. ತೆಗೆದದ್ದನ್ನು ಅವತ್ತೇ ನೆಟ್ಟಿಗೆ ಹಾಕೋ ಆತುರವೂ ಬೇಡ. ಆ ಕೊತ್ತಂಬರಿ ಅಕ್ಕನಿಗೆ ಫೋನಿನಲ್ಲೇ ತೋರಿಸಿ. ಕಾಶಿಯ ಮೆಟ್ಟಿಲಿನವರಿಗೆ ಸಿಗದಿದ್ದ ಮರ್ಯಾದೆ ಅದು, ಖರ್ಚು ಒಂದು ನಿಮಿಷ. ಏರ್‌ಫೋರ್ಸ್ ಸ್ಟೇಷನ್ ಕಡೆ ಮಾತ್ರ ತಿರುಗಿಸಬೇಡಿ ಮಾರಾಯರೇ, ಆಮೇಲೆ ನನ್ನ ಹೆಸರು ಹೇಳ್ತೀರಿ.

ಸರ್ಕಾರ ಮಾಡಲಿ ಅಂತ ಕೂತರೆ ಆಯ್ತು. ಮೊದಲ ಟಾಕಿಯನ್ನೇ ಉಳಿಸಿಕೊಳ್ಳಲಾಗದ ನಾಡು ಕೋಗಿಲು ಕ್ರಾಸಿಗೆ ಕೊಠಡಿ ಕಟ್ಟಿಸೋದುಂಟಾ. ಹಾಗಂತ ಆಗದ ಕೆಲಸವೇನಲ್ಲ. ಇಲ್ಲೇ ಜಿಕೆವಿಕೆ ಆವರಣದ ಎನ್‌ಸಿಬಿಎಸ್‌ನಲ್ಲಿ 2019ರಿಂದ ಸಾರ್ವಜನಿಕರಿಗೆ ತೆರೆದ ಆರ್ಕೈವ್ಸ್ ಇದೆ, ವಿಜ್ಞಾನದ ಇತಿಹಾಸಕ್ಕಾಗಿ. ವಿಜ್ಞಾನಿಗಳ ಪತ್ರ, ಟಿಪ್ಪಣಿ ಪುಸ್ತಕ ಅಲ್ಲಿ ಜೋಪಾನವಾಗಿವೆ. ಕೊತ್ತಂಬರಿಗೂ ಒಂದು ಕಪಾಟು ಇರಲಿ ಅಂತ ಕೇಳೋಕೆ ಯಾರಾದರೂ ಮೊದಲು ಏನನ್ನಾದರೂ ತೆಗೆದಿಟ್ಟಿರಬೇಕಲ್ಲ.

ಹಾಗಾಗಿ ಈ ಭಾನುವಾರವೇ ಶುರು ಮಾಡಿ. ಭಾನುವಾರಕ್ಕಿಂತ ಸೋಮವಾರ ಇನ್ನೂ ಒಳ್ಳೇದು, ರಜೆಯ ದಿನ ಎಲ್ಲರೂ ಸಹಜವಾಗಿರೋದಿಲ್ಲ. ಫೋನನ್ನು ಅಡ್ಡ ಹಿಡಿಯಿರಿ, ಅಲ್ಲಾಡಿಸಬೇಡಿ, ಜೂಮ್ ಬೇಡ, ಫಿಲ್ಟರ್ ಬೇಡ, ಮಾತು ಬೇಡ. ಒಂದು ನಿಮಿಷ. ಸಂಗೀತ ಹಾಕಿದರೆ ನಿಮ್ಮ ಮೇಲೆ ಆಣೆ. ಮೂಕಿಯವರಿಗೆ ಸಿಗದ ಒಂದು ಭಾಗ್ಯ ನಿಮಗಿದೆ, ಸದ್ದು. ಆ ಹಾರ್ನು, ಆ ಕಸದ ಆಟೋ ಹಾಡು, ‘ಇಳಿಯಿರಿ ಇಳಿಯಿರಿ’ ಅನ್ನೋ ಕಂಡಕ್ಟರು, ಎಲ್ಲ ಹಾಗೇ ಇರಲಿ. ಫೈಲನ್ನು ವಾಟ್ಸಾಪಿನಲ್ಲಿ ಕಳಿಸಬೇಡಿ, ಅದು ಹಿಂಡಿ ಸಿಪ್ಪೆ ಮಾಡಿಬಿಡುತ್ತೆ. ಮೂಲವನ್ನು ಎರಡು ಕಡೆ ಇಡಿ, ಒಂದು ಹಾರ್ಡ್ ಡಿಸ್ಕು, ಒಂದು ಕ್ಲೌಡು. ಆಮೇಲೆ ಹೆಸರು. ‘ವಿಐಡಿ’ ಅಂತ ಶುರುವಾಗೋ ಆ ಉದ್ದ ಅಂಕಿಯನ್ನು ಹಾಗೇ ಬಿಡಬೇಡಿ. ತಾರೀಖು, ಗಂಟೆ, ಯಾವ ದಿಕ್ಕಿಗೆ ಮುಖ ಮಾಡಿ ನಿಂತಿದ್ದಿರಿ ಅಂತ ಬರೆಯಿರಿ. ಊರಿನ ಜಾಗದಲ್ಲಿ ಕೋಗಿಲು ಅಂತಲೇ ಬರೆಯಿರಿ. ಬಿಲ್ಡರುಗಳ ‘ನಾರ್ತ್ ಬೆಂಗಳೂರು’ ಬೇಡ.